ಮಾಲ್ಗುಡಿಯನ್ನು ಮನೆಮನೆಗೆ ತಂದ ಶಂಕರನಾಗ್



ಸಹಕಾರ ಸಂಘದ ಬೆಳ್ಳಿಹಬ್ಬದ ಸ್ಮರಣ ಸಂಚಿಕೆಯಲ್ಲಿ ಸಿನಿಮಾದವರ ಕಥೆ ಯಾಕೆ ಬಂತು ಅಂತ ಕೆಲವರಿಗಾದರೂ ಅನ್ನಿಸದೆ ಇರದು. ಸಾಲ, ಠೇವಣಿ, ಗೊಬ್ಬರ, ಬಿತ್ತನೆ ಬೀಜ ಇವುಗಳ ಲೆಕ್ಕ ಈ ಸಂಚಿಕೆಯ ಬೇರೆ ಪುಟಗಳಲ್ಲಿ ಇದ್ದೇ ಇದೆ. ಒಂದು ಜೀವನ ಚಿತ್ರ ಬರೆದುಕೊಡಿ ಅಂತ ಸಂಪಾದಕ ಸಮಿತಿಯವರು ನನಗೆ ಹೇಳಿದಾಗ, ಹತ್ತು ಜನರನ್ನು ಕೂಡಿಸಿಕೊಂಡು ಒಂದು ಕೆಲಸ ಮಾಡಿ ತೋರಿಸಿದವರ ವಿಷಯವನ್ನೇ ಬರೆಯಬೇಕು ಅಂತ ಮನಸ್ಸಿನಲ್ಲಿ ಬಂತು. ಹಾಗೆ ಯೋಚನೆ ಮಾಡುತ್ತಾ ಕೂತಾಗ ಮೊದಲು ಕಣ್ಣಮುಂದೆ ಬಂದ ಮುಖ ಶಂಕರನಾಗ್ ಅವರದು.

ಇವತ್ತಿಗೂ ಯಾವ ಊರಿನ ಆಟೋ ನಿಲ್ದಾಣಕ್ಕೆ ಹೋದರೂ ಆ ಮುಖ ಕಾಣುತ್ತದೆ. ಅವರು ತೀರಿಹೋದ ಮೇಲೆ ಹುಟ್ಟಿದ ಹುಡುಗರು ಸಹ ತಮ್ಮ ಆಟೋದ ಹಿಂದೆ ಅವರ ಚಿತ್ರ ಬರೆಸಿಕೊಂಡಿದ್ದಾರೆ. ಆದರೆ ಅವರು ಬರೀ ಆಟೋ ರಾಜ ಆಗಿರಲಿಲ್ಲ. ಟಿ.ವಿ. ಅಂದರೆ ಏನು ಅಂತ ನಾವು ಹಳ್ಳಿಯವರು ಇನ್ನೂ ಕಲಿಯುತ್ತಿದ್ದ ಕಾಲದಲ್ಲಿ, ಒಳ್ಳೆಯ ಟಿ.ವಿ. ಕಾರ್ಯಕ್ರಮ ಹೇಗಿರಬೇಕು ಅಂತ ಇಡೀ ದೇಶಕ್ಕೆ ತೋರಿಸಿದ ನಿರ್ದೇಶಕರು ಅವರು. ಆ ಕಡೆಯ ಕಥೆ ನಮ್ಮ ಮಕ್ಕಳಿಗೆ ಅಷ್ಟಾಗಿ ಗೊತ್ತಿಲ್ಲ. ಅದಕ್ಕೇ ಈ ಲೇಖನ.

ಹೊನ್ನಾವರದಿಂದ ಮುಂಬಯಿಗೆ

ಶಂಕರನಾಗ್ ಹುಟ್ಟಿದ್ದು 1954ರ ನವೆಂಬರ್ 9ರಂದು, ಉತ್ತರ ಕನ್ನಡ ಜಿಲ್ಲೆಯ ಹೊನ್ನಾವರದ ಕಡೆ. ಮನೆಮಾತು ಕೊಂಕಣಿ. ಮನೆತನದ ಹೆಸರು ನಾಗರಕಟ್ಟೆ. ಅದೇ ಚಿಕ್ಕದಾಗಿ ನಾಗ್ ಅಂತ ಆಯಿತು. ತಂದೆ ಸದಾನಂದ, ತಾಯಿ ಆನಂದಿ. ಅಣ್ಣ ಅನಂತನಾಗ್ ಇವರಿಗಿಂತ ಆರು ವರ್ಷ ದೊಡ್ಡವರು. ಅಣ್ಣತಮ್ಮಂದಿರಿಬ್ಬರೂ ಮುಂಬಯಿ ಸೇರಿ ಅಲ್ಲಿನ ನಾಟಕರಂಗದಲ್ಲಿ ಪಳಗಿದರು.

ಮುಂಬಯಿಯ ಮರಾಠಿ ರಂಗಭೂಮಿ ಅಂದರೆ ಆಗ ಒಂದು ದೊಡ್ಡ ಗರಡಿಮನೆ ಇದ್ದ ಹಾಗೆ. ನಟನೆ ಮಾಡುವವನೇ ಪರದೆ ಎಳೆಯಬೇಕು, ದೀಪ ಹಿಡಿಯಬೇಕು, ಪೆಟ್ಟಿಗೆ ಹೊರಬೇಕು. ಶಂಕರನಾಗ್ ಅಲ್ಲಿ ನಟಿಸಿದರು, ಬರೆದರು, ನಾಟಕ ಕಟ್ಟುವುದು ಕಲಿತರು. ಮುಂದೆ ಬಾಳಸಂಗಾತಿಯಾದ ಅರುಂಧತಿಯವರ ಪರಿಚಯ ಆದದ್ದೂ ಅದೇ ರಂಗಭೂಮಿಯಲ್ಲಿ. ಚಾಪೇಕರ್ ಸಹೋದರರ ಕಥೆ ಹೇಳುವ 22 ಜೂನ್ 1897 ಎಂಬ ಮರಾಠಿ ಚಿತ್ರದ ಚಿತ್ರಕಥೆಯಲ್ಲೂ ಅವರ ಕೈ ಇತ್ತು. ಆ ಚಿತ್ರ 1979ರಲ್ಲಿ ಬಂತು.

ಕನ್ನಡಕ್ಕೆ ಅವರನ್ನು ಕರೆತಂದವರು ಗಿರೀಶ ಕಾರ್ನಾಡರು. 1978ರ ಒಂದಾನೊಂದು ಕಾಲದಲ್ಲಿ ಚಿತ್ರಕ್ಕೆ ಅವರಿಗೆ ಒಬ್ಬ ಕೂಲಿ ಸೈನಿಕ ಬೇಕಾಗಿತ್ತು. ಕತ್ತಿ ಹಿಡಿಯಬೇಕು, ಕುದುರೆ ಹತ್ತಬೇಕು, ಕಣ್ಣಲ್ಲಿ ಕಳೆ ಇರಬೇಕು. ಗಂಡುಗಲಿಯ ಆ ಪಾತ್ರ ಇಪ್ಪತ್ತಮೂರು ವರ್ಷದ ಈ ಹುಡುಗನಿಗೆ ಸಿಕ್ಕಿತು. ದೆಹಲಿಯಲ್ಲಿ ನಡೆದ ಅಂತರರಾಷ್ಟ್ರೀಯ ಚಲನಚಿತ್ರೋತ್ಸವದಲ್ಲಿ ಶ್ರೇಷ್ಠ ನಟ ಅಂತ ಬೆಳ್ಳಿ ನವಿಲು ಪ್ರಶಸ್ತಿಯೂ ಬಂತು. ಮೊದಲ ಕನ್ನಡ ಚಿತ್ರದಲ್ಲೇ ಇಂಥ ಗೌರವ ಪಡೆದವರು ಅಪರೂಪ.

ಒಂದು ಕಾಲು ಇಲ್ಲಿ, ಒಂದು ಕಾಲು ಅಲ್ಲಿ

ಅಲ್ಲಿಂದ ಮುಂದೆ ಹನ್ನೆರಡು ವರ್ಷ ಆ ಮನುಷ್ಯ ಕೂತದ್ದು ಕಡಿಮೆ, ಓಡಿದ್ದೇ ಹೆಚ್ಚು. 1979ರಲ್ಲಿ ಸೀತಾರಾಮು, 1980ರಲ್ಲಿ ಆಟೋ ರಾಜ. ಖಾಕಿ ಅಂಗಿ ಹಾಕಿ ಆಟೋ ಓಡಿಸಿದ ಆ ಪಾತ್ರ ಆಟೋದವರ ಮನಸ್ಸಿನಲ್ಲಿ ಹೇಗೆ ಕೂತಿತು ಅಂದರೆ, ಇವತ್ತಿನವರೆಗೂ ಇಳಿದಿಲ್ಲ. ಸಿನಿಮಾದಲ್ಲಿ ತಮ್ಮ ಕಸುಬಿಗೆ ಒಂದು ಮರ್ಯಾದೆ ಸಿಕ್ಕಿತು ಅಂತ ಅವರಿಗೆ ಅನ್ನಿಸಿತು. ಎಂಬತ್ತರಷ್ಟು ಕನ್ನಡ ಚಿತ್ರಗಳಲ್ಲಿ ಶಂಕರನಾಗ್ ನಟಿಸಿದರು. ಅದರಲ್ಲಿ ಸಾಂಗ್ಲಿಯಾನದಂಥ ಹೊಡೆದಾಟದ ಚಿತ್ರಗಳೇ ಹೆಚ್ಚು. ಟೆಂಟಿನಲ್ಲಿ ನೆಲಕ್ಕೆ ಕೂತು ಶಿಳ್ಳೆ ಹಾಕಿದ ನಮ್ಮೂರ ಹಿರಿಯರಿಗೆ ಅದನ್ನು ನಾನು ಹೇಳಿಕೊಡಬೇಕಾಗಿಲ್ಲ.

ಆದರೆ ಆ ದುಡ್ಡು ಎಲ್ಲಿಗೆ ಹೋಯಿತು ಅನ್ನುವುದರಲ್ಲಿ ಅವರ ಗುಣ ತಿಳಿಯುತ್ತದೆ. ಹೊಡೆದಾಟದ ಚಿತ್ರದಲ್ಲಿ ದುಡಿದದ್ದನ್ನು ಅವರು ನಾಟಕಕ್ಕೆ, ತಮ್ಮದೇ ನಿರ್ದೇಶನದ ಚಿತ್ರಗಳಿಗೆ, ಹೊಸ ಹೊಸ ಸಾಹಸಗಳಿಗೆ ಸುರಿದರು. ಅರುಂಧತಿಯವರ ಜೊತೆ ಸಂಕೇತ್ ಅನ್ನುವ ನಾಟಕ ತಂಡ ಕಟ್ಟಿದರು. ಅಂಜುಮಲ್ಲಿಗೆ, ಸಂಧ್ಯಾಛಾಯಾ, ನೋಡಿ ಸ್ವಾಮಿ ನಾವಿರೋದು ಹೀಗೆ, ನಾಗಮಂಡಲ ಇವೆಲ್ಲ ಆ ತಂಡದ ನಾಟಕಗಳು. ಹಗಲು ಕ್ಯಾಮೆರಾ ಮುಂದೆ, ಸಂಜೆ ನಾಟಕದ ತಾಲೀಮು. ರಮೇಶ್ ಭಟ್ ಅವರಂಥ ಎಷ್ಟೋ ಕಲಾವಿದರು ಆ ತಂಡದ ಜೊತೆ ಬೆಳೆದವರು.

1980ರಲ್ಲೇ ಮಿಂಚಿನ ಓಟ ಎಂಬ ಚಿತ್ರದಿಂದ ನಿರ್ದೇಶಕರಾದರು. ಮೂವರು ಕೈದಿಗಳು ಸೆರೆಮನೆಯಿಂದ ತಪ್ಪಿಸಿಕೊಳ್ಳುವ ಕಥೆ. ಅಣ್ಣ, ತಮ್ಮ, ಲೋಕನಾಥ್ ಮೂವರೂ ಅದರಲ್ಲಿ ಇದ್ದರು. ರಾಜ್ಯ ಪ್ರಶಸ್ತಿಗಳು ಬಂದವು. ಮರುವರ್ಷ ಗೀತಾ ಬಂತು, ಅದರ ಹಾಡುಗಳನ್ನು ಜನ ಈಗಲೂ ಗುನುಗುತ್ತಾರೆ. ಪಾದಚಾರಿ ಮಾರ್ಗದಲ್ಲಿ ಮಲಗಿದ್ದ ಬಡವರ ಮೇಲೆ ದೊಡ್ಡವರ ಮಗ ಕಾರು ಹತ್ತಿಸಿ, ಅಪ್ಪನ ಅಧಿಕಾರದಿಂದ ಅದನ್ನು ಮುಚ್ಚಿಹಾಕುವ ಕಥೆಯ ಆಕ್ಸಿಡೆಂಟ್ ಚಿತ್ರಕ್ಕೆ ಸಾಮಾಜಿಕ ಸಮಸ್ಯೆ ಕುರಿತ ಅತ್ಯುತ್ತಮ ಚಿತ್ರ ಅಂತ ರಾಷ್ಟ್ರಪ್ರಶಸ್ತಿ ಸಿಕ್ಕಿತು. 1987ರಲ್ಲಿ ಡಾ. ರಾಜಕುಮಾರ್ ಅವರನ್ನೇ ನಾಯಕರನ್ನಾಗಿಸಿ ಒಂದು ಮುತ್ತಿನ ಕಥೆ ಮಾಡಿದರು. ಅದಕ್ಕಾಗಿ ಸಮುದ್ರದ ನೀರಿನೊಳಗೆ ಕ್ಯಾಮೆರಾ ಇಳಿಸಿದರು.

ನಮ್ಮ ಮನೆಗೆ ಬಂದ ಪೆಟ್ಟಿಗೆ

ಇಷ್ಟೆಲ್ಲದರ ನಡುವೆ ಬಂದದ್ದು ಟಿ.ವಿ.

ನಮ್ಮ ನಾಡಿನ ಹಳ್ಳಿಗಳಿಗೆ ಟಿ.ವಿ. ಮೊದಲು ಕಾಲಿಟ್ಟದ್ದು 1975ರಲ್ಲಿ, ಉಪಗ್ರಹದ ಮೂಲಕ ನಡೆದ ಒಂದು ಪ್ರಯೋಗದಿಂದ. ಗುಲ್ಬರ್ಗ, ರಾಯಚೂರು, ಬಿಜಾಪುರ ಜಿಲ್ಲೆಗಳ ಹಳ್ಳಿಗಳಲ್ಲಿ ಶಾಲೆ, ಚಾವಡಿಗಳ ಮುಂದೆ ಪೆಟ್ಟಿಗೆ ಇಟ್ಟು ಬೇಸಾಯ, ಆರೋಗ್ಯದ ವಿಷಯ ತೋರಿಸುತ್ತಿದ್ದರು. ಒಂದು ವರ್ಷಕ್ಕೆ ಅದು ನಿಂತಿತು. 1982ರಲ್ಲಿ ಏಷ್ಯನ್ ಕ್ರೀಡಾಕೂಟದ ಹೊತ್ತಿಗೆ ಬಣ್ಣದ ಟಿ.ವಿ. ಬಂತು. 1984ರಲ್ಲಿ ಹಮ್ ಲೋಗ್ ಎಂಬ ಹಿಂದಿ ಧಾರಾವಾಹಿ ಶುರುವಾಗಿ ದೇಶವೆಲ್ಲ ಅದರ ಹುಚ್ಚು ಹಿಡಿಯಿತು. ಆಗ ಇದ್ದದ್ದು ದೂರದರ್ಶನ ಒಂದೇ. ನಿರ್ಮಾಪಕ ತಾನೇ ದುಡ್ಡು ಹಾಕಿ ಕಾರ್ಯಕ್ರಮ ಮಾಡಬೇಕು, ಜಾಹೀರಾತು ಕೊಡುವ ಪ್ರಾಯೋಜಕರನ್ನು ಹುಡುಕಬೇಕು, ದೂರದರ್ಶನ ಒಪ್ಪಿದರೆ ಹದಿಮೂರು ವಾರದ ಅವಕಾಶ ಸಿಗುತ್ತದೆ. ಜನ ಮೆಚ್ಚಿದರೆ ಮುಂದಿನ ಹದಿಮೂರು. ಹೀಗಿತ್ತು ಆ ವ್ಯವಹಾರ.

ನಮ್ಮೂರಲ್ಲಿ ಆಗ ಎರಡೇ ಟಿ.ವಿ. ಇದ್ದವು. ಸಂಜೆಯಾದರೆ ಆ ಎರಡು ಮನೆಯ ಪಡಸಾಲೆ, ಜಗಲಿ, ಕಿಟಕಿ ಎಲ್ಲ ಭರ್ತಿ. ಒಬ್ಬ ಹುಡುಗ ಮಾಡಿನ ಮೇಲೆ ಹತ್ತಿ ಆಂಟೆನಾ ತಿರುಗಿಸೋದು, ಒಳಗಿನವರು ಬಂತು, ಹೋಯ್ತು ಅಂತ ಕೂಗೋದು. 1986ರಲ್ಲಿ ಹಾಗೆ ಕೂತಾಗಲೇ ನಾವು ಮಾಲ್ಗುಡಿ ಡೇಸ್ ನೋಡಿದ್ದು. ಹೆಸರು ಇಂಗ್ಲಿಷು, ಮಾತು ಹಿಂದಿ. ನಮ್ಮಲ್ಲಿ ಹಿಂದಿ ಬರುತ್ತಿದ್ದವರು ಮೇಷ್ಟ್ರು ಒಬ್ಬರೇ. ಆದರೂ ಯಾರೂ ಎದ್ದು ಹೋಗಲಿಲ್ಲ. ಯಾಕೆಂದರೆ ಆ ಪೆಟ್ಟಿಗೆಯೊಳಗೆ ಕಾಣುತ್ತಿದ್ದದ್ದು ನಮ್ಮ ಹೆಂಚಿನ ಮನೆ, ನಮ್ಮ ಜಗಲಿ, ನಮ್ಮ ಅಜ್ಜಿ, ಚಡ್ಡಿ ಹಾಕಿದ ನಮ್ಮ ಹುಡುಗರು.

ಇಲ್ಲದ ಊರನ್ನು ಕಟ್ಟಿದ್ದು

ಮಾಲ್ಗುಡಿ ಅನ್ನುವ ಊರು ಯಾವ ನಕ್ಷೆಯಲ್ಲೂ ಇಲ್ಲ. ಮೈಸೂರಿನಲ್ಲಿ ಬಾಳಿದ ಆರ್.ಕೆ. ನಾರಾಯಣ್ ಅವರು ಇಂಗ್ಲಿಷಿನಲ್ಲಿ ಬರೆದ ಕಾದಂಬರಿ, ಕಥೆಗಳಿಗಾಗಿ ಮನಸ್ಸಿನಲ್ಲೇ ಕಟ್ಟಿದ ಊರು ಅದು. ಅವರ ಮೊದಲ ಕಾದಂಬರಿ ಸ್ವಾಮಿ ಅಂಡ್ ಫ್ರೆಂಡ್ಸ್ 1935ರಲ್ಲಿ ಬಂತು. ಅದರಲ್ಲಿ ಒಂದು ನದಿ, ಒಂದು ರೈಲು ನಿಲ್ದಾಣ, ಒಂದು ಶಾಲೆ, ಸ್ವಾಮಿ ಅನ್ನುವ ಒಬ್ಬ ಹುಡುಗ.

ನಾರಾಯಣರಿಗೆ ಸಿನಿಮಾದವರ ಮೇಲೆ ಒಂದು ಬೇಸರ ಇತ್ತು. ಅವರ ಗೈಡ್ ಕಾದಂಬರಿ 1965ರಲ್ಲಿ ಹಿಂದಿ ಚಿತ್ರವಾಗಿ ಬಂದು ಭಾರೀ ಹೆಸರು ಮಾಡಿತು. ಆದರೆ ಚಿತ್ರ ಮಾಡಿದವರು ಮಾಲ್ಗುಡಿಯನ್ನೇ ಬಿಟ್ಟು, ಕಥೆಯನ್ನು ರಾಜಸ್ಥಾನದ ಅರಮನೆ, ಕೋಟೆಗಳ ಕಡೆಗೆ ಹೊತ್ತುಕೊಂಡು ಹೋಗಿದ್ದರು. ತನ್ನ ಊರೇ ಕಳೆದುಹೋಯಿತಲ್ಲ ಅನ್ನುವ ನೋವನ್ನು ನಾರಾಯಣರು ಬರೆದೂ ತೋಡಿಕೊಂಡರು. ಅಂಥ ಲೇಖಕರ ಕಥೆಯನ್ನು ಮತ್ತೆ ಕ್ಯಾಮೆರಾಕ್ಕೆ ಒಪ್ಪಿಸುವುದು ಸಣ್ಣ ಜವಾಬ್ದಾರಿಯಲ್ಲ. ನಿರ್ಮಾಪಕ ಟಿ.ಎಸ್. ನರಸಿಂಹನ್ ಆ ಕೆಲಸ ಕೈಗೆತ್ತಿಕೊಂಡರು, ನಿರ್ದೇಶನವನ್ನು ಶಂಕರನಾಗ್ ಹೊತ್ತರು.

ಶಂಕರನಾಗ್ ಅರಮನೆ ಹುಡುಕಲಿಲ್ಲ. ತೀರ್ಥಹಳ್ಳಿ ತಾಲ್ಲೂಕಿನ ಆಗುಂಬೆಗೆ ಬಂದರು. ವರ್ಷಕ್ಕೆ 7000 ಮಿಲಿಮೀಟರಿಗೂ ಹೆಚ್ಚು ಮಳೆ ಸುರಿಯುವ ಊರು ಅದು. ಚಿತ್ರೀಕರಣಕ್ಕೆ ಬಿಸಿಲು ಬೇಕು ಅನ್ನುವವರು ಆ ಕಡೆ ತಲೆ ಹಾಕಿ ಮಲಗಲಾರರು. ಆದರೆ ಅಲ್ಲಿನ ಬೀದಿ, ಮರದ ಕಂಬದ ಮನೆಗಳು, ಅಂಗಡಿ, ದೇವಸ್ಥಾನ ಎಲ್ಲ ಐವತ್ತು ವರ್ಷ ಹಿಂದಿನ ಊರಿನ ಹಾಗೆಯೇ ಇದ್ದವು. ಅಲ್ಲಿನ ದೊಡ್ಡಮನೆ ಎಂಬ ಹಳೆಯ ತೊಟ್ಟಿ ಮನೆ ಸ್ವಾಮಿಯ ಮನೆಯಾಯಿತು. ಕಲಾ ನಿರ್ದೇಶಕ ಜಾನ್ ದೇವರಾಜ್, ಊರ ನಡುವೆ ಕುದುರೆ ಮೇಲೆ ಕೂತ ಬಿಳಿ ದೊರೆಯ ಪ್ರತಿಮೆಯನ್ನು ನಿಲ್ಲಿಸಿದರು. ಶಿವಮೊಗ್ಗ ತಾಳಗುಪ್ಪ ರೈಲು ಹಾದಿಯಲ್ಲಿ ಕಾಡಿನ ನಡುವೆ ಇರುವ ಅರಸಾಳು ನಿಲ್ದಾಣ ಮಾಲ್ಗುಡಿ ನಿಲ್ದಾಣವಾಯಿತು. ಊರವರು ಮನೆಬಾಗಿಲು ತೆರೆದುಕೊಟ್ಟರು, ಕೆಲವರು ತಾವೇ ಪಾತ್ರವೂ ಮಾಡಿದರು. ಇಡೀ ಊರೇ ಪಾಲುದಾರ ಆದ ಮೇಲೆ ಕೆಲಸ ಸಾಗದೆ ಇರುತ್ತದೆಯೇ?

ಜೊತೆಗಾರರನ್ನು ಆರಿಸಿದ ರೀತಿಯೂ ಹಾಗೆಯೇ. ಕ್ಯಾಮೆರಾ ಹಿಡಿದವರು ಎಸ್. ರಾಮಚಂದ್ರ. ಸಂಗೀತ ಎಲ್. ವೈದ್ಯನಾಥನ್ ಅವರದು. ಶುರುವಿನ ಆ ರಾಗ ಕೇಳಿದರೆ ಸಾಕು, ಹೊರಗೆ ಆಡುತ್ತಿದ್ದ ಮಕ್ಕಳು ಒಳಗೆ ಓಡಿಬರುತ್ತಿದ್ದರು. ಆರಂಭದ ರೇಖಾಚಿತ್ರ ಬರೆದವರು ನಾರಾಯಣರ ತಮ್ಮ, ಹೆಸರಾಂತ ವ್ಯಂಗ್ಯಚಿತ್ರಕಾರ ಆರ್.ಕೆ. ಲಕ್ಷ್ಮಣ್. ಸ್ವಾಮಿ ಆಗಿದ್ದವನು ಮಾಸ್ಟರ್ ಮಂಜುನಾಥ್, ಅಪ್ಪನಾಗಿ ಗಿರೀಶ ಕಾರ್ನಾಡ್, ಅಮ್ಮನಾಗಿ ವೈಶಾಲಿ ಕಾಸರವಳ್ಳಿ. ಮಿಠಾಯಿ ಅಂಗಡಿಯ ಜಗನ್ ಆಗಿ ಅನಂತನಾಗ್. ಎಂಟು ವರ್ಷ ಹಿಂದೆ ತನ್ನನ್ನು ನಟನನ್ನಾಗಿ ಮಾಡಿದ ಕಾರ್ನಾಡರನ್ನೇ ಈಗ ಶಂಕರನಾಗ್ ನಿರ್ದೇಶಿಸುತ್ತಿದ್ದರು. ನಾಟಕದ ತಂಡದಲ್ಲಿ ಕಲಿತದ್ದೆಲ್ಲ ಇಲ್ಲಿ ಕೈಗೆ ಬಂತು.

ಸಣ್ಣ ಜನರ ದೊಡ್ಡ ಕಥೆಗಳು

ಮಾಲ್ಗುಡಿ ಡೇಸಿನಲ್ಲಿ ಹೊಡೆದಾಟ ಇಲ್ಲ, ಖಳನಾಯಕ ಇಲ್ಲ. ಎಂಬತ್ತು ಚಿತ್ರಗಳಲ್ಲಿ ಗುದ್ದಾಡಿದ ನಟ ಇಲ್ಲಿ ಒಂದು ಏಟೂ ಬೀಳದ ಹಾಗೆ ಕಥೆ ಹೇಳಿದರು. ಇಪ್ಪತ್ತು ಇಪ್ಪತ್ತೈದು ನಿಮಿಷದಲ್ಲಿ ಒಂದು ಬದುಕು ಕಂಡು ಮುಗಿಯಬೇಕು. ನೋಡುವವರು ನಗಬೇಕು, ಆಮೇಲೆ ಮಲಗುವಾಗ ಸ್ವಲ್ಪ ಯೋಚಿಸಬೇಕು. ಲಘು ಮನರಂಜನೆ ಅಂತ ಇದನ್ನು ಕರೆಯುತ್ತಾರೆ. ಲಘು ಅನ್ನುವುದು ನೋಡುವವರಿಗೆ ಮಾತ್ರ, ಮಾಡುವವರಿಗೆ ಅದು ಬಲು ಭಾರ. ಹತ್ತು ಜನ ನೆಲಕ್ಕೆ ಬೀಳುವ ದೃಶ್ಯದಲ್ಲಿ ಸಣ್ಣ ತಪ್ಪು ಕಾಣುವುದಿಲ್ಲ. ಒಬ್ಬ ಅಜ್ಜಿ ಮೊಮ್ಮಗನಿಗೆ ಕಥೆ ಹೇಳುವ ದೃಶ್ಯದಲ್ಲಿ ಕೂದಲೆಳೆ ತಪ್ಪಿದರೂ ಮನೆಯಲ್ಲಿ ಕೂತವರಿಗೆ ಗೊತ್ತಾಗಿಬಿಡುತ್ತದೆ.

ಎರಡು ಕಥೆ ನನಗೆ ಈಗಲೂ ನೆನಪಿದೆ. ಒಂದು, ಊರಿನ ಅಂಚೆಯವನದು. ಎಲ್ಲರ ಸುಖದುಃಖ ಬಲ್ಲ ಅವನು ಒಂದು ಮನೆಯ ಹೆಣ್ಣುಮಗುವಿನ ಮದುವೆ ಕೂಡಿಬರಲು ತಾನೇ ನೆರವಾಗಿರುತ್ತಾನೆ. ಮದುವೆಯ ಹೊತ್ತಿಗೇ ಆ ಮನೆಗೆ ಸಾವಿನ ಸುದ್ದಿಯ ಕಾಗದ ಬರುತ್ತದೆ. ಕೊಟ್ಟರೆ ಮದುವೆ ನಿಲ್ಲುತ್ತದೆ, ಕೊಡದಿದ್ದರೆ ಕರ್ತವ್ಯಕ್ಕೆ ದ್ರೋಹ. ಅವನು ಮದುವೆ ಮುಗಿಯುವವರೆಗೆ ಕಾಗದ ಬಚ್ಚಿಡುತ್ತಾನೆ, ಆಮೇಲೆ ತಾನೇ ಹೋಗಿ ತಪ್ಪು ಒಪ್ಪಿಕೊಳ್ಳುತ್ತಾನೆ. ಅವನು ಮಾಡಿದ್ದು ಸರಿಯೋ ತಪ್ಪೋ ಅಂತ ನಮ್ಮೂರ ಕಟ್ಟೆಯಲ್ಲಿ ವಾರವೆಲ್ಲ ಚರ್ಚೆ ನಡೆಯಿತು. ನಮ್ಮ ಅಂಚೆಯಣ್ಣನಿಗೂ ಆ ವಾರ ಎಲ್ಲರ ಮನೆಯಲ್ಲಿ ಕಾಫಿ ಸಿಕ್ಕಿತು.

ಇನ್ನೊಂದು, ತಿಂಗಳಿಗೆ ನಲವತ್ತೈದು ರೂಪಾಯಿ ಅನ್ನುವ ಕಥೆ. ಒಬ್ಬ ಗುಮಾಸ್ತ, ಅವನಿಗೆ ಪುಟ್ಟ ಮಗಳು. ಸಂಜೆ ಸಿನಿಮಾಕ್ಕೆ ಕರೆದುಕೊಂಡು ಹೋಗುತ್ತೇನೆ ಅಂತ ಮಗಳಿಗೆ ಮಾತು ಕೊಟ್ಟಿರುತ್ತಾನೆ. ಮಗು ಅಲಂಕಾರ ಮಾಡಿಕೊಂಡು ದಾರಿ ಕಾಯುತ್ತದೆ. ಕಚೇರಿ ಕೆಲಸ ಅವನನ್ನು ಬಿಡುವುದಿಲ್ಲ. ರೋಸಿಹೋಗಿ ರಾಜೀನಾಮೆ ಬರೆಯುತ್ತಾನೆ. ಅಷ್ಟರಲ್ಲಿ ಸಂಬಳ ಹೆಚ್ಚಾದ ಸುದ್ದಿ ಸಿಗುತ್ತದೆ, ಕಾಗದವನ್ನು ವಾಪಸು ತೆಗೆದುಕೊಳ್ಳುತ್ತಾನೆ. ಮನೆಗೆ ಬಂದಾಗ ಮಗು ಅದೇ ಬಟ್ಟೆಯಲ್ಲಿ ನಿದ್ದೆ ಹೋಗಿದೆ. ಆ ಗುಮಾಸ್ತನ ಪಾತ್ರ ಮಾಡಿದ್ದು ವಿಷ್ಣುವರ್ಧನ್. ಪರದೆಯ ಮೇಲೆ ಸಿಂಹದ ಹಾಗೆ ಕಂಡವರು ಇಲ್ಲಿ ಭುಜ ಇಳಿಬಿಟ್ಟುಕೊಂಡು ನಿಂತದ್ದನ್ನು ಕಂಡು ನಮ್ಮ ತಂದೆಯವರು ಎದ್ದು ಹೊರಗೆ ಹೋಗಿ ಜಗಲಿಯ ಮೇಲೆ ಸುಮ್ಮನೆ ಕೂತರು. ದುಡಿಯುವ ತಂದೆ ಯಾವನೇ ಆಗಲಿ, ಆ ಕಥೆ ಅವನದ್ದೇ.

1986ರಿಂದ 1988ರ ಒಳಗೆ ಹೀಗೆ 39 ಕಂತುಗಳು ಬಂದವು. ನಾರಾಯಣರ ಊರು ಅವರಿಗೆ ವಾಪಸು ಸಿಕ್ಕಿತು. ಕರ್ನಾಟಕದವರೇ ಹೆಚ್ಚಾಗಿದ್ದ ಒಂದು ತಂಡ, ಮಲೆನಾಡಿನ ಒಂದು ಊರಿನಲ್ಲಿ ಕೂತು, ಹಿಂದಿಯಲ್ಲಿ ಇಡೀ ದೇಶದ ಮನಸ್ಸು ಗೆದ್ದದ್ದು ಹೀಗೆ. ದೆಹಲಿ, ಮುಂಬಯಿಗೆ ಹೋಗದೆಯೂ ದೊಡ್ಡ ಕೆಲಸ ಆಗುತ್ತದೆ ಅನ್ನುವುದಕ್ಕೆ ಇದಕ್ಕಿಂತ ಬೇರೆ ಸಾಕ್ಷಿ ಬೇಡ.

ಓಟದ ಬೆಲೆ

ಮಾಲ್ಗುಡಿ ಮಾಡುತ್ತಿದ್ದ ಕಾಲದಲ್ಲೇ ಆ ಮನುಷ್ಯನ ತಲೆಯಲ್ಲಿ ಇನ್ನೂ ಹತ್ತು ಯೋಜನೆ. ಕನ್ನಡ ಚಿತ್ರಗಳ ಹಾಡು, ಮಾತಿನ ಧ್ವನಿಮುದ್ರಣಕ್ಕೆ ಮದರಾಸಿಗೆ ಓಡಬೇಕಾಗಿದ್ದ ಕಷ್ಟ ಕಂಡು, ಬೆಂಗಳೂರಿನಲ್ಲೇ ಸಂಕೇತ್ ಧ್ವನಿಮುದ್ರಣ ಕೇಂದ್ರ ಕಟ್ಟಿದರು. ಬನ್ನೇರುಘಟ್ಟ ರಸ್ತೆಯಲ್ಲಿ ಕಂಟ್ರಿ ಕ್ಲಬ್ ಮಾಡಿದರು. 1983ರ ಚುನಾವಣೆಯಲ್ಲಿ ಅಣ್ಣನ ಜೊತೆ ಜನತಾ ಪಕ್ಷದ ಪರವಾಗಿ ಊರೂರು ಸುತ್ತಿದರು. ಬೆಂಗಳೂರಿಗೆ ನೆಲದಡಿಯ ರೈಲು ಬೇಕು, ನಂದಿಬೆಟ್ಟಕ್ಕೆ ಹಗ್ಗದ ಹಾದಿ ಬೇಕು, ಬಡವರಿಗೆ ಬೇಗ ಕಟ್ಟುವ ಕಡಿಮೆ ಖರ್ಚಿನ ಮನೆ ಬೇಕು ಅಂತ ಕಾಗದಪತ್ರ ಹಿಡಿದು ಸರ್ಕಾರದ ಬಾಗಿಲಿಗೆ ಅಲೆದರು. ಕೇಳಿದವರು ನಕ್ಕದ್ದೂ ಉಂಟು. ನಟನಿಗೆ ಯಾಕೆ ಈ ಉಸಾಬರಿ ಅಂತ.

ಇಲ್ಲಿ ಒಂದು ಮಾತು ಮುಚ್ಚಿಡದೆ ಹೇಳಬೇಕು. ಸತ್ತವರನ್ನು ಬರೀ ಹೊಗಳುವುದು ನಮ್ಮ ರೂಢಿ. ಆದರೆ ಶಂಕರನಾಗ್ ಅವರ ಅವಸರ ಅವರ ಶಕ್ತಿಯೂ ಹೌದು, ಅವರ ಕೊರತೆಯೂ ಹೌದು. ಹತ್ತು ಕೆಲಸ ಒಟ್ಟಿಗೆ ಹಿಡಿದವರಿಗೆ ಎಲ್ಲದಕ್ಕೂ ಒಂದೇ ಸಮ ಕಣ್ಣಿಡಲು ಆಗುವುದಿಲ್ಲ. ಒಪ್ಪಿಕೊಂಡ ಚಿತ್ರಗಳಲ್ಲಿ ಎಷ್ಟೋ ಚಿತ್ರ ಜೊಳ್ಳಾಗಿದ್ದವು, ಅದನ್ನು ಅವರ ಅಭಿಮಾನಿಗಳೂ ಒಪ್ಪುತ್ತಾರೆ. ನಿದ್ದೆಯನ್ನು ಕಡಿಮೆ ಮಾಡಿ ಹಗಲನ್ನು ಉದ್ದ ಮಾಡಿಕೊಳ್ಳಬಹುದು ಅಂತ ಅವರು ನಂಬಿದ್ದರು ಅಂತ ಕಾಣುತ್ತದೆ. ಇರುಳನ್ನೆಲ್ಲ ದಾರಿಯ ಮೇಲೆ ಕಳೆದು, ಬೆಳಗಾಗುವ ಹೊತ್ತಿಗೆ ಮುಂದಿನ ಕೆಲಸದ ಜಾಗದಲ್ಲಿ ಇರುವವರು ಅವರು.

1990ರ ಸೆಪ್ಟೆಂಬರ್ 30, ಭಾನುವಾರ. ಜೋಕುಮಾರಸ್ವಾಮಿ ಚಿತ್ರದ ಚಿತ್ರೀಕರಣಕ್ಕೆಂದು ಬೆಂಗಳೂರಿನಿಂದ ಉತ್ತರದ ಕಡೆ ಹೊರಟಿದ್ದರು. ಜೊತೆಯಲ್ಲಿ ಅರುಂಧತಿ, ಪುಟ್ಟ ಮಗಳು. ದಾವಣಗೆರೆಯ ಹತ್ತಿರ, ಆಗ ಚಿತ್ರದುರ್ಗ ಜಿಲ್ಲೆಗೆ ಸೇರಿದ್ದ ಆನಗೋಡು ಎಂಬ ಹಳ್ಳಿಯ ಬಳಿ ಅವರ ಕಾರು ಅಪಘಾತಕ್ಕೆ ಸಿಕ್ಕಿತು. ಹೆಂಡತಿ ಗಾಯಗೊಂಡು ಉಳಿದರು, ಮಗಳು ಉಳಿದಳು. ಶಂಕರನಾಗ್ ಉಳಿಯಲಿಲ್ಲ. 36 ವರ್ಷ ತುಂಬಲು ಇನ್ನು 40 ದಿನ ಬಾಕಿ ಇತ್ತು.

ಸುದ್ದಿ ಬಂದಾಗ ನಾನು ತಾಲ್ಲೂಕು ಕೇಂದ್ರದ ಬಸ್ ನಿಲ್ದಾಣದಲ್ಲಿ ಇದ್ದೆ. ಆಟೋದವರು ಒಬ್ಬರ ಹಿಂದೆ ಒಬ್ಬರು ಗಾಡಿ ನಿಲ್ಲಿಸಿದರು. ಆ ದಿನ ಬಾಡಿಗೆಗೆ ಯಾರೂ ಬರಲಿಲ್ಲ. ಒಬ್ಬ ತನ್ನ ಆಟೋಗೆ ಕಟ್ಟಿದ್ದ ಹೂವನ್ನು ಬಿಚ್ಚಿ, ಹಿಂದೆ ಬರೆಸಿದ್ದ ಚಿತ್ರಕ್ಕೆ ಹಾಕಿದ. ನಾವೆಲ್ಲ ಊರಿಗೆ ನಡೆದುಕೊಂಡೇ ಬಂದೆವು. ನನಗೆ ದಾರಿಯುದ್ದಕ್ಕೂ ನೆನಪಾಗುತ್ತಿದ್ದದ್ದು ಆ ಗುಮಾಸ್ತನ ಮಗಳು, ಅಲಂಕಾರ ಮಾಡಿಕೊಂಡೇ ನಿದ್ದೆ ಹೋದ ಆ ಮಗು.

ನಿಂತದ್ದು ಯಾವುದು, ನಡೆದದ್ದು ಯಾವುದು

ಒಬ್ಬ ಮನುಷ್ಯ ಅಚಾನಕ್ಕಾಗಿ ಹೋದ ಮೇಲೆ ಅವನ ಕೆಲಸಗಳಲ್ಲಿ ಯಾವುದು ಉಳಿಯುತ್ತದೆ ಅಂತ ನೋಡಿದರೆ ಒಂದು ಪಾಠ ಸಿಗುತ್ತದೆ. ಅವರ ತಲೆಯಲ್ಲಿ ಮಾತ್ರ ಇದ್ದ ಎಷ್ಟೋ ಕನಸುಗಳು ಅವರ ಜೊತೆಗೇ ಹೋದವು. ಬೇರೆಯವರ ಕೈಗೆ ಕೊಟ್ಟಿದ್ದ ಕೆಲಸಗಳು ಮಾತ್ರ ನಡೆದವು.

ನಾಟಕ ತಂಡವನ್ನು ನೋಡಿ. ಬೆಂಗಳೂರಿನಲ್ಲಿ ನಾಟಕದವರಿಗೆ ಸರಿಯಾದ, ಕೈಗೆಟಕುವ ಒಂದು ರಂಗಮಂದಿರ ಬೇಕು ಅನ್ನುವುದು ಶಂಕರನಾಗ್ ಅವರ ಆಸೆಯಾಗಿತ್ತು. ಗಂಡನನ್ನು ಕಳೆದುಕೊಂಡು, ಮುರಿದ ಮೈಯನ್ನು ಸರಿಮಾಡಿಕೊಂಡು, ಮಗಳನ್ನು ಬೆಳೆಸಿ, ಅರುಂಧತಿಯವರು ಗೆಳೆಯರನ್ನು ಕೂಡಿಸಿಕೊಂಡು ಆ ಕೆಲಸಕ್ಕೆ ನಿಂತರು. ಬಾಗಿಲು ಬಾಗಿಲು ತಿರುಗಿ ಹಣ ಕೂಡಿಸಿದರು. 2004ರ ಅಕ್ಟೋಬರಿನಲ್ಲಿ ಜಯಪ್ರಕಾಶ ನಗರದಲ್ಲಿ ರಂಗಶಂಕರ ಬಾಗಿಲು ತೆರೆಯಿತು. ಹದಿನಾಲ್ಕು ವರ್ಷದ ಕೆಲಸ. ಅಲ್ಲಿ ಒಂದು ಕಟ್ಟುನಿಟ್ಟು ಇದೆ, ನಾಟಕ ಶುರುವಾದ ಮೇಲೆ ಎಷ್ಟು ದೊಡ್ಡವರು ಬಂದರೂ ಒಳಗೆ ಬಿಡುವುದಿಲ್ಲ. ನಮ್ಮ ಮಹಾಸಭೆಗೂ ಈ ನಿಯಮ ಬಂದರೆ ಎಷ್ಟು ಚೆನ್ನ ಅಂತ ನಾನು ಎಷ್ಟೋ ಸಲ ಅಂದುಕೊಂಡಿದ್ದೇನೆ.

ಮಾಲ್ಗುಡಿಯೂ ನಿಲ್ಲಲಿಲ್ಲ. ವರ್ಷಗಳು ಕಳೆದ ಮೇಲೆ ಅದೇ ನಿರ್ಮಾಪಕರು ಕವಿತಾ ಲಂಕೇಶ್ ಅವರ ನಿರ್ದೇಶನದಲ್ಲಿ ಇನ್ನೂ 15 ಕಂತುಗಳನ್ನು ಮಾಡಿಸಿದರು. ಒಟ್ಟು 54 ಆಯಿತು. ಅರಸಾಳಿನ ಹಳೆಯ ನಿಲ್ದಾಣದ ಕಟ್ಟಡವನ್ನು ರೈಲ್ವೆಯವರು 2020ರಲ್ಲಿ ದುರಸ್ತಿ ಮಾಡಿ ಮಾಲ್ಗುಡಿ ವಸ್ತುಸಂಗ್ರಹಾಲಯ ಮಾಡಿದರು. ಕಥೆಯಲ್ಲಿ ಮಾತ್ರ ಇದ್ದ ಊರಿಗೆ ಇಟ್ಟಿಗೆ ಗೋಡೆಯ ಒಂದು ವಿಳಾಸ ಸಿಕ್ಕಿತು. ಬೆಂಗಳೂರಿನ ಮೆಟ್ರೊ ರೈಲು 2011ರ ಅಕ್ಟೋಬರ್ 20ರಂದು ಓಡಲು ಶುರುವಾಯಿತು. ಅದನ್ನು ಕಟ್ಟಿದವರು ಬೇರೆ ಎಂಜಿನಿಯರುಗಳು, ಬೇರೆ ಸರ್ಕಾರಗಳು. ಆದರೆ ಆ ದಿನ ಎಷ್ಟೋ ಕನ್ನಡಿಗರ ಬಾಯಲ್ಲಿ ಬಂದ ಹೆಸರು, ಇಪ್ಪತ್ತೊಂದು ವರ್ಷ ಹಿಂದೆ ತೀರಿಹೋದ ಈ ನಟನದ್ದು. ನಗುತ್ತಿದ್ದವರು ಈಗ ಅದರಲ್ಲೇ ಕೂತು ಓಡಾಡುತ್ತಾರೆ.

ಬಂಧುಗಳೇ, ನಮ್ಮ ಸಂಘಕ್ಕೆ ಈಗ ಇಪ್ಪತ್ತೈದು ವರ್ಷ. ಮೊದಲ ದಿನ ಪಾಲುಹಣ ಕೊಟ್ಟವರಲ್ಲಿ ಎಷ್ಟೋ ಜನ ಇವತ್ತು ನಮ್ಮ ನಡುವೆ ಇಲ್ಲ. ಆದರೆ ಅವರು ಬರೆದ ಮೊದಲ ಲೆಕ್ಕದ ಪುಸ್ತಕ ಕಚೇರಿಯ ಕಪಾಟಿನಲ್ಲಿ ಇದೆ, ಅದರ ಮುಂದಿನ ಪುಟವನ್ನು ಇವತ್ತು ಬೇರೆ ಕೈ ಬರೆಯುತ್ತಿದೆ. ಒಬ್ಬನೇ ಹಿಡಿದುಕೊಂಡ ಕೆಲಸ ಅವನ ಆಯುಷ್ಯದಷ್ಟೇ ಬಾಳುತ್ತದೆ, ಹಂಚಿಕೊಂಡ ಕೆಲಸಕ್ಕೆ ಆಯುಷ್ಯ ಹೆಚ್ಚು. ಶಂಕರನಾಗ್ ಅವರ ಹನ್ನೆರಡು ವರ್ಷದ ಓಟದಿಂದ ನನಗೆ ತಿಳಿದದ್ದು ಇಷ್ಟು. ಜೊತೆಗೆ ಇನ್ನೂ ಒಂದು, ಅದನ್ನು ನಮ್ಮ ಯುವಕ ಮಿತ್ರರಿಗೆ ಹೇಳುತ್ತೇನೆ. ಕೆಲಸ ಎಷ್ಟೇ ಅವಸರದ್ದಾಗಿರಲಿ, ಇರುಳು ಪ್ರಯಾಣ ಬೇಡ. ಮನೆಯಲ್ಲಿ ಮಗು ದಾರಿ ಕಾಯುತ್ತಿರುತ್ತದೆ.

ಮುಂದಿನ ಬಾರಿ ಆಗುಂಬೆಯ ಕಡೆ ಹೋದವರು ಸೂರ್ಯಾಸ್ತ ನೋಡಿ ಹಾಗೇ ಬಂದುಬಿಡಬೇಡಿ. ಆ ಬೀದಿಯಲ್ಲಿ ಒಂದು ಸುತ್ತು ನಡೆಯಿರಿ, ದೊಡ್ಡಮನೆಯ ಜಗಲಿಯನ್ನು ನೋಡಿ ಬನ್ನಿ. ಚಡ್ಡಿ ಹಾಕಿದ ಹುಡುಗನೊಬ್ಬ ಅಲ್ಲಿಂದಲೇ ಓಡಿ ಹೋಗಿದ್ದ, ನಮ್ಮ ಹಾಗೆ ಹಿಂದಿ ಬಾರದ ಸಾವಿರಾರು ಮನೆಗಳ ಒಳಕ್ಕೆ.